ನೆದರೈಟ್ ಆಗುತ್ತಲೇ ಇಲ್ಲ, ಆರು ದಿನ ಆಯ್ತು, ತಲೆ ಕೆಟ್ಟಿದೆ

ಬೆಲ್ಲದಚ್ಚು:
ಎಲ್ಲರಿಗೂ ನಮಸ್ಕಾರ. ಮೈನ್‌ಕ್ರಾಫ್ಟ್ ಆಟದಲ್ಲಿ ನೆದರೈಟ್ ಆಗುತ್ತಲೇ ಇಲ್ಲ, ಅದೇ ವಜ್ರಕ್ಕಿಂತ ಗಟ್ಟಿ ಲೋಹ. ಆರು ದಿನದಿಂದ ರಾತ್ರಿ ಊಟ ಮುಗಿಸಿ ಕೂತರೆ ಹನ್ನೆರಡರ ತನಕ ಇದೇ ಕೆಲಸ. ವಿಡಿಯೋದಲ್ಲಿ ತೋರಿಸಿದ ಹಾಗೇ ಮಾಡಿದ್ದೇನೆ. ಏನೂ ಬರುವುದಿಲ್ಲ. ಅಣ್ಣನ ಮಗ ಪಕ್ಕದಲ್ಲಿ ಕೂತು ನಗುತ್ತಾನೆ, ಅವನಿಗಿನ್ನೂ ಒಂಬತ್ತು ವರ್ಷ. ಗೊತ್ತಿರುವವರು ದಯವಿಟ್ಟು ಹೇಳಿ.

ಗಣಿಧಣಿ:
ಎಷ್ಟನೇ ವೈನಲ್ಲಿ, ಅಂದರೆ ಎಷ್ಟು ಎತ್ತರದಲ್ಲಿ, ಅಗೆಯುತ್ತಿದ್ದೀರಿ? ನೂರಕ್ಕೆ ತೊಂಬತ್ತು ಜನ ಇಲ್ಲೇ ಎಡವುವುದು. ನೆದರೈಟ್‌ನ ಅದಿರು ಏನ್ಶಿಯೆಂಟ್ ಡೆಬ್ರಿ ಬೇಕಾದರೆ ವೈ 15ಕ್ಕೆ ಇಳಿಯಿರಿ, ನೇರ ಸುರಂಗ ಹೊಡೆಯಿರಿ. ಎಫ್3 ಒತ್ತಿದರೆ ವೈ ಎಷ್ಟು ಅಂತ ಕಾಣುತ್ತದೆ.

ಬೆಲ್ಲದಚ್ಚು:
ಎಫ್3 ಎಲ್ಲಿಂದ ತರಲಿ ಸಾರ್, ನಾನು ಆಡುವುದು ಮೊಬೈಲಲ್ಲಿ.

ಗಣಿಧಣಿ:
ಮೊದಲೇ ಹೇಳಬೇಕಲ್ವಾ! ಹಾಗಾದರೆ ಸೆಟ್ಟಿಂಗ್ಸ್‌ನಲ್ಲಿ ‘ಶೋ ಕೋಆರ್ಡಿನೇಟ್ಸ್’ ಆನ್ ಮಾಡಿ. ಮೂರು ಅಂಕಿ ಬರುತ್ತವೆ, ನಡುವಿನದು ವೈ. ಅದು 15 ಇರಬೇಕು.

ಹಾಸಿಗೆಬಾಂಬ್:
15 ಅಲ್ಲ, 16. ದೊಡ್ಡ ಗುಂಪು ಹುಟ್ಟುವುದು 8ರಿಂದ 24ರ ಒಳಗೆ, ನಟ್ಟನಡುವೆ ಜಾಸ್ತಿ. ಲೆಕ್ಕ ಹಾಕಿ ನೋಡಿ. ಇನ್ನೊಂದು ಮಾತು, ಪಿಕಾಸಿಯಲ್ಲಿ ಕೆರೆಯುತ್ತಾ ಕೂತರೆ ಮೊಮ್ಮಕ್ಕಳ ಕಾಲಕ್ಕೆ ಸಿಗುತ್ತದೆ. ಹಾಸಿಗೆ ಇಟ್ಟು ಮಲಗಲು ಹೋಗಿ. ನೆದರ್‌ನಲ್ಲಿ, ಅಂದರೆ ಈ ಡೆಬ್ರಿ ಸಿಗುವ ಬೆಂಕಿ ಲೋಕದಲ್ಲಿ, ಹಾಸಿಗೆ ಸಿಡಿಯುತ್ತದೆ, ಸುತ್ತಲಿನ ಕಲ್ಲೆಲ್ಲ ಪುಡಿ. ಡೆಬ್ರಿಗೆ ಮಾತ್ರ ಏನೂ ಆಗುವುದಿಲ್ಲ.

ಗಣಿಧಣಿ:
15ರಲ್ಲಿ ನಿಂತರೆ ತಲೆಯ ಎತ್ತರಕ್ಕೆ 16 ಬರುತ್ತದೆ ಸ್ವಾಮಿ. ನಾನು ಹೇಳಿದ್ದೂ ಅದನ್ನೇ. ಹಾಸಿಗೆ ಒಂದರ ಮೇಲೊಂದು ಪೇರಿಸಲು ಬರುವುದಿಲ್ಲ, ಇಪ್ಪತ್ತು ಹಾಸಿಗೆ ಇಟ್ಟುಕೊಂಡರೆ ಚೀಲದಲ್ಲಿ ಇಪ್ಪತ್ತು ಜಾಗ ಹೋಯ್ತು. ಟಿಎನ್‌ಟಿ ಆದರೆ ಒಂದೇ ಖಾನೆಯಲ್ಲಿ 64.

ಹಾಸಿಗೆಬಾಂಬ್:
ಟಿಎನ್‌ಟಿಯ ಬಲ 4, ಹಾಸಿಗೆಯದು 5. ಹಾಸಿಗೆಗೆ ಬೇಕಾದ ಉಣ್ಣೆ ಕುರಿಯಿಂದ ಸಿಗುತ್ತದೆ, ಕುರಿ ಸಾಕಿದವನಿಗೆ ಟಿಎನ್‌ಟಿಯ ಮದ್ದಿನಪುಡಿ ಯಾಕೆ ಬೇಕು? ನನ್ನ ಹತ್ತಿರ 40 ಕುರಿ ಇವೆ, ಹದಿನಾರೂ ಬಣ್ಣದವು.

ಗುದ್ದಲಿಪುಟ್ಟ:
ನನ್ನದು ಫುಲ್ ಸೆಟ್. ಹೆಲ್ಮೆಟ್‌ನಿಂದ ಬೂಟಿನ ತನಕ ನಾಲ್ಕು, ಕೈಸಾಮಾನು ಐದು. ಒಂದಕ್ಕೊಂದರಂತೆ ಒಂಬತ್ತು ಇಂಗಾಟ್ (ನೆದರೈಟ್ ಗಟ್ಟಿ), ಅಂದರೆ 36 ಡೆಬ್ರಿ, 36 ಚಿನ್ನ. ಗುದ್ದಲಿಯನ್ನೂ ಬಿಟ್ಟಿಲ್ಲ. ಕೈ ತಪ್ಪಿ ಲಾವಾಕ್ಕೆ ಬಿದ್ದರೂ ಸುಡುವುದಿಲ್ಲ, ಮೇಲೆ ತೇಲುತ್ತದೆ. ಒಂದು ಸಲ ನಾನೇ ಸುಟ್ಟುಹೋದೆ, ಗುದ್ದಲಿ ತೇಲುತ್ತಿತ್ತು.

ಗಣಿಧಣಿ:
ಬೆಲ್ಲದಚ್ಚು ಅವರೇ, 15ಕ್ಕೆ ಇಳಿದ್ರಾ? ಗುಹೆಯ ಗೋಡೆಯಲ್ಲಿ ಹುಡುಕಬೇಡಿ. ಗಾಳಿ ಸೋಕುವ ಕಡೆ ಅದು ಹುಟ್ಟುವುದೇ ಇಲ್ಲ, ಕಲ್ಲಿನ ಹೊಟ್ಟೆಯಲ್ಲೇ ಇರುತ್ತದೆ. ಮತ್ತೆ ಪಿಕಾಸಿ ವಜ್ರದ್ದೇ ಇರಲಿ. ಕಬ್ಬಿಣದ್ದರಲ್ಲಿ ಒಡೆದರೆ ಕೈಗೆ ಏನೂ ಸಿಗುವುದಿಲ್ಲ.

ಬೆಲ್ಲದಚ್ಚು:
ಅಗೆಯುವ ತೊಂದರೆ ನನಗೆ ಇಲ್ಲವೇ ಇಲ್ಲ ಸಾರ್. ಡೆಬ್ರಿ ಎಂಟು ಸಿಕ್ಕಿವೆ. ಕುಲುಮೆಯಲ್ಲಿ ಕರಗಿಸಿ, ನಾಲ್ಕು ಚೂರಿಗೆ ನಾಲ್ಕು ಚಿನ್ನದ ಹಾಗೆ ಹಾಕಿ ಎರಡು ಇಂಗಾಟ್ ಕೂಡ ಮಾಡಿಟ್ಟಿದ್ದೇನೆ. ಕತ್ತಿ ನೆದರೈಟ್ ಆಗುತ್ತಿಲ್ಲ ಅಂತ ನಾನು ಹೇಳಿದ್ದು.

ಹಾಸಿಗೆಬಾಂಬ್:
ಇದನ್ನು ಈಗ ಹೇಳ್ತೀರಾ?

ಸಂಜೆಮಲ್ಲಿಗೆ:
ಸ್ವಲ್ಪ ಎಲ್ಲರೂ ತಡೀರಿ. ಸಾಮಾನು ನೆದರೈಟ್ ಮಾಡುವ ಸ್ಮಿಥಿಂಗ್ ಟೇಬಲ್ ತೆರೆದರೆ ಎಡಗಡೆ ಎಷ್ಟು ಖಾನೆ ಇವೆ, ಯಾವುದರಲ್ಲಿ ಏನಿಟ್ಟಿದ್ದೀರಿ? ನೋಡಿದ ವಿಡಿಯೋ ಯಾವ ವರ್ಷದ್ದು?

ಬೆಲ್ಲದಚ್ಚು:
ಮೂರು ಖಾನೆ. ಮೊದಲನೆಯದು ಖಾಲಿ, ಅದರಲ್ಲಿ ಏನೋ ಮಸುಕು ಚಿತ್ರ ಇದೆ. ಎರಡನೆಯದರಲ್ಲಿ ವಜ್ರದ ಕತ್ತಿ, ಮೂರನೆಯದರಲ್ಲಿ ಇಂಗಾಟ್. ವಿಡಿಯೋದಲ್ಲಿ ಎರಡೇ ಖಾನೆ ಇದ್ದವು, ಆ ಮೊದಲನೆಯದು ಸುಮ್ನೆ ಅಲಂಕಾರಕ್ಕೆ ಅಂದುಕೊಂಡೆ. ವಿಡಿಯೋ 2021ರದ್ದು.

ಸಂಜೆಮಲ್ಲಿಗೆ:
ತೊಂದರೆ ಅಲ್ಲೇ ಇದೆ. 2020ರಲ್ಲಿ ಆಟದ 1.16 ಆವೃತ್ತಿ ಬಂದಾಗಿನಿಂದ ಕತ್ತಿ, ಇಂಗಾಟ್ ಎರಡೇ ಸಾಕಾಗಿತ್ತು. 2023ರ ಜೂನ್‌ನಲ್ಲಿ 1.20 ಬಂತು, ನಿಯಮ ಬದಲಾಯಿತು. ಈಗ ಆ ಮೊದಲ ಖಾನೆಗೆ ‘ನೆದರೈಟ್ ಅಪ್‌ಗ್ರೇಡ್’ ಟೆಂಪ್ಲೇಟ್, ಅಂದರೆ ಒಂದು ಅಚ್ಚು, ಬೇಕು. ಅದನ್ನು ಹೊಸದಾಗಿ ಮಾಡಲು ಬರುವುದಿಲ್ಲ. ಬ್ಯಾಸ್ಟಿಯನ್‌ನ, ಅಂದರೆ ನೆದರ್‌ನ ಪಾಳು ಕೋಟೆಯ, ಪೆಟ್ಟಿಗೆಗಳಲ್ಲಿ ಹುಡುಕಬೇಕು. ಖಜಾನೆ ಕೋಣೆ ಇರುವ ಬ್ಯಾಸ್ಟಿಯನ್ ಸಿಕ್ಕಿದರೆ ಅಲ್ಲಿನ ಖಜಾನೆ ಪೆಟ್ಟಿಗೆಯಲ್ಲಿ ಒಂದು ಖಂಡಿತ ಇರುತ್ತದೆ. ಬೇರೆ ಪೆಟ್ಟಿಗೆಗಳಲ್ಲಿ ಅದೃಷ್ಟ.

ಬೆಲ್ಲದಚ್ಚು:
ಪೋರ್ಟಲ್ (ನೆದರ್‌ಗೆ ಬರುವ ಬಾಗಿಲು) ಪಕ್ಕದಲ್ಲೇ ಒಂದು ಬ್ಯಾಸ್ಟಿಯನ್ ಇದೆ. ಆದರೆ ಅದನ್ನು ನಾವು ಲಾಕ್‌ಡೌನ್ ಟೈಮಲ್ಲೇ ಗುಡಿಸಿ ಹಾಕಿದ್ದೇವೆ. ಪೆಟ್ಟಿಗೆ ಎಲ್ಲ ಖಾಲಿ.

ಸಂಜೆಮಲ್ಲಿಗೆ:
ಆಗ ತೆರೆದದ್ದರಲ್ಲಿ ಇನ್ನು ಬರುವುದಿಲ್ಲ. ಪೆಟ್ಟಿಗೆಯೊಳಗೆ ಏನಿರಬೇಕು ಅಂತ ತೀರ್ಮಾನ ಆಗುವುದು ಮೊದಲ ಸಲ ತೆರೆದಾಗ. ಹಾಗಾಗಿ ಹಳೇ ಬ್ಯಾಸ್ಟಿಯನ್ ಆದರೂ ಮುಟ್ಟದ ಪೆಟ್ಟಿಗೆ ಉಳಿದಿದ್ದರೆ ಒಮ್ಮೆ ನೋಡಿ. ಇಲ್ಲದಿದ್ದರೆ ಇನ್ನೊಂದು ಹುಡುಕಿ. ಚಿನ್ನದ ಬೂಟು ಹಾಕಿಕೊಂಡು ಹೋಗಿ, ಅಲ್ಲಿನ ಹಂದಿಮುಖದ ಪಿಗ್ಲಿನ್ ಸುಮ್ಮನಿರುತ್ತವೆ. ಆದರೆ ಅವು ನೋಡುತ್ತಿರುವಾಗ ಪೆಟ್ಟಿಗೆ ತೆರೆದರೆ ಸಿಟ್ಟಾಗುತ್ತವೆ. ಅವುಗಳಲ್ಲೇ ಒರಟಾದ ಪಿಗ್ಲಿನ್ ಬ್ರೂಟ್‌ಗೆ ಚಿನ್ನ ಗಿನ್ನ ಲೆಕ್ಕಕ್ಕಿಲ್ಲ, ಕಂಡರೆ ಓಡಿ.

ಗಣಿಧಣಿ:
ನನಗೆ ಹಳೇ ಪದ್ಧತಿಯೇ ಚೆನ್ನಾಗಿತ್ತು. ಕಷ್ಟಪಟ್ಟು ಅಗೆದವನಿಗೆ ಮತ್ತೆ ಕಾಗದ ಪತ್ರ ತಾ ಅಂದರೆ ಹೇಗೆ? ತಾಲ್ಲೂಕು ಕಚೇರಿ ಆಯ್ತು ಇದು.

ಹಾಸಿಗೆಬಾಂಬ್:
ಇಲ್ಲ ಇಲ್ಲ, ಈಗಲೇ ಸರಿ. ಮೊದಲು ಬ್ಯಾಸ್ಟಿಯನ್ ಕಡೆ ಯಾರು ತಲೆ ಹಾಕುತ್ತಿದ್ದರು? ಎಲ್ಲರೂ ಇಲಿ ಥರ ಬಿಲದಲ್ಲೇ.

ಗುದ್ದಲಿಪುಟ್ಟ:
ನಾನು 1.20 ಬರುವ ಮೊದಲೇ ಒಂಬತ್ತೂ ಮಾಡಿಕೊಂಡೆ. ಟೆಂಪ್ಲೇಟ್ ಮುಖವನ್ನೇ ನೋಡಿಲ್ಲ.

ಬೆಲ್ಲದಚ್ಚು (ಮೂರು ದಿನದ ನಂತರ):
ಸಿಕ್ಕಿತು!! ಸಂಜೆಮಲ್ಲಿಗೆ ಅವರಿಗೆ ದೊಡ್ಡ ನಮಸ್ಕಾರ. ನಾಲ್ಕು ಸಲ ಸತ್ತೆ. ಕತ್ತಿ ನೆದರೈಟ್ ಆಯ್ತು, ಕಪ್ಪಗೆ ಏನು ಚಂದ ಇದೆ. ಈಗ ಪಿಕಾಸಿಗೂ ಮಾಡೋಣ ಅಂತ ನೋಡಿದರೆ ಟೆಂಪ್ಲೇಟ್ ಕಾಣುತ್ತಿಲ್ಲ. ಚೀಲ ಎಲ್ಲ ಹುಡುಕಿದೆ. ಎಲ್ಲಿ ಹೋಯ್ತು?

ಸಂಜೆಮಲ್ಲಿಗೆ:
ಅಯ್ಯೋ. ಒಂದು ಸಲ ಬಳಸಿದರೆ ಅದು ಖರ್ಚಾಗಿ ಹೋಗುತ್ತದೆ. ಬಳಸುವ ಮೊದಲು ನಕಲು ಮಾಡಿಕೊಳ್ಳಬೇಕಿತ್ತು. ಏಳು ವಜ್ರ, ಒಂದು ನೆದರ್‌ರ್‍ಯಾಕ್ ಕಲ್ಲು, ಜೊತೆಗೆ ಆ ಟೆಂಪ್ಲೇಟ್ ಇಟ್ಟರೆ ಎರಡಾಗುತ್ತದೆ. ಹೇಳುವುದು ನನಗೂ ಮರೆತುಹೋಯ್ತು, ಕ್ಷಮಿಸಿ. ಇನ್ನೊಂದು ಬ್ಯಾಸ್ಟಿಯನ್ ಹುಡುಕಬೇಕು.

ಬೆಲ್ಲದಚ್ಚು:
ಅಣ್ಣನ ಮಗ ಮತ್ತೆ ನಗುತ್ತಿದ್ದಾನೆ. ಅವನಿಗೆ ಇದು ಗೊತ್ತಿತ್ತಂತೆ.

ಗಣಿಧಣಿ:
ಆ ಎಂಟು ಡೆಬ್ರಿ ಸಿಕ್ಕಿದ್ದು 15ರಲ್ಲೇ ಅಲ್ವಾ? ಅದನ್ನು ಮಾತ್ರ ಹೇಳಿ.