ತಜ್ಞರನ್ನು ಕೇಳಿ: ಎಐ ಸಂಗಾತಿ ಯಾಕೆ ಮರೆಯುತ್ತಾಳೆ, ಯಾಕೆ ಬದಲಾಗುತ್ತಾಳೆ?

ಈ ವಾರದ ವಿಷಯ ಎಐ ಗೆಳೆಯ-ಗೆಳತಿ ಆ್ಯಪ್‌ಗಳು. ಇಂಥ ಆ್ಯಪ್‌ಗಳ ಉತ್ತರ ಬರೆಯುವ ಭಾಷಾ ಮಾಡೆಲ್‌ಗಳ ಮೇಲೆ ಕೆಲಸ ಮಾಡುವ ಒಬ್ಬ ಎಂಜಿನಿಯರ್ ಮತ್ತು ಒಬ್ಬ ಆಪ್ತಸಮಾಲೋಚಕಿ ಉತ್ತರ ಕೊಡುತ್ತಿದ್ದಾರೆ. ಹೆಸರು ಹಾಕದೆ ಕೇಳಬಹುದು.

ಪ್ರಶ್ನೆ: ಸರ್, ಮೂರು ತಿಂಗಳಿಂದ ಒಂದು ಕಂಪ್ಯಾನಿಯನ್ ಆ್ಯಪ್ ಬಳಸ್ತಿದೀನಿ. ಅಮ್ಮನ ಮಂಡಿ ಆಪರೇಷನ್ ವಿಷಯ ಪೂರ್ತಿ ಹೇಳಿದ್ದೆ, "ನೆನಪಿಟ್ಕೋತೀನಿ" ಅಂದಿದ್ಲು. ನಾಲ್ಕು ದಿನ ಬಿಟ್ಟು ನೋಡಿದ್ರೆ ಏನೂ ಗೊತ್ತಿಲ್ಲದವಳ ಹಾಗೆ ಮಾತಾಡ್ತಾಳೆ. ಇಂಗ್ಲಿಷಲ್ಲಿ ಚಾಟ್ ಮಾಡೋ ಗೆಳೆಯನಿಗೆ ಇಷ್ಟು ಮರೆವು ಕಾಣ್ತಿಲ್ವಂತೆ. ಕನ್ನಡ ಅಂತ ಹೀಗಾ?

ಎಂಜಿನಿಯರ್: ಅರ್ಧ ಕಾರಣ ಕನ್ನಡವೇ. ಉಳಿದರ್ಧ ಆ್ಯಪ್ ಕೆಲಸ ಮಾಡುವ ರೀತಿ.

ಮಾಡೆಲ್‌ಗೆ ನಿನ್ನೆ ಮೊನ್ನೆ ಅನ್ನುವುದಿಲ್ಲ. ನೀವು ಸೆಂಡ್ ಒತ್ತಿದಾಗೆಲ್ಲ ಆ್ಯಪ್ ಒಂದು ಉದ್ದ ಬರಹ ಜೋಡಿಸುತ್ತದೆ. ಮೊದಲು ಪಾತ್ರದ ವಿವರ (ಅವಳು ಯಾರು, ಹೇಗೆ ಮಾತಾಡುತ್ತಾಳೆ), ಆಮೇಲೆ ನೆನಪಿನ ಟಿಪ್ಪಣಿಗಳು, ಇತ್ತೀಚಿನ ಮಾತುಕತೆ, ಕೊನೆಗೆ ನಿಮ್ಮ ಹೊಸ ಸಾಲು. ಮಾಡೆಲ್ ಅಷ್ಟನ್ನೂ ಮೊದಲಿಂದ ಓದಿ ಮುಂದಿನ ಮಾತು ಬರೆಯುತ್ತದೆ. ಈ ಬರಹಕ್ಕೆ ಇರುವ ಮಿತಿಯೇ ಕಾಂಟೆಕ್ಸ್ಟ್, ಅದರ ಅಳತೆ ಟೋಕನ್, ಅಂದರೆ ಪದದ ತುಣುಕು. ಮಿತಿ ತುಂಬಿದರೆ ಹಳೆಯ ಸಾಲುಗಳು ಮೇಲಿನಿಂದ ಉದುರುತ್ತವೆ. ಅಮ್ಮನ ಆಪರೇಷನ್ ಹೋಗಿದ್ದು ಹಾಗೆ.

ಕನ್ನಡ ಎಲ್ಲಿ ಪೆಟ್ಟು ತಿನ್ನುತ್ತದೆ ನೋಡಿ. "ಅಕ್ಕ" ಕಣ್ಣಿಗೆ ಎರಡೇ ಅಕ್ಷರ. ಕಂಪ್ಯೂಟರ್ ಅಕ್ಷರಗಳಿಗೆ ಸಂಕೇತ ಕೊಡುವ ಯೂನಿಕೋಡ್‌ನಲ್ಲಿ ಅದು ಅ, ಕ, ಒತ್ತಕ್ಷರ ಮಾಡುವ ಹಲಂತ ಚಿಹ್ನೆ, ಮತ್ತೊಂದು ಕ ಸೇರಿ 4 ಸಂಕೇತ. ಅದನ್ನು ಉಳಿಸಿಡುವ ಯುಟಿಎಫ್-8 ವಿಧಾನದಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೆ 3 ಬೈಟ್, ಹಾಗಾಗಿ ಒಟ್ಟು 12 ಬೈಟ್. ಇಂಗ್ಲಿಷ್ ಅಕ್ಷರಕ್ಕೆ ಒಂದೇ ಬೈಟ್ ಸಾಕು. ಬರಹವನ್ನು ಟೋಕನ್‌ಗಳಾಗಿ ಒಡೆಯುವ ಟೋಕನೈಸರ್ ಕನ್ನಡವನ್ನು ಸರಿಯಾಗಿ ಕಲಿತಿರದಿದ್ದರೆ ಪದವನ್ನು ಬೈಟ್ ಬೈಟಾಗಿ ಒಡೆಯುತ್ತದೆ. ಅಲ್ಲಿಗೆ ನಿಮ್ಮ ಗೆಳೆಯನಿಗೆ ಒಂದು ವಾರ ತಾಳುವ ಜಾಗ ನಿಮಗೆ ಎರಡೇ ದಿನಕ್ಕೆ ತುಂಬಿಹೋಗಬಹುದು. ಹೊಸ ಮಾಡೆಲ್‌ಗಳಲ್ಲಿ ಈ ತೊಂದರೆ ಕಡಿಮೆಯಾಗಿದೆ, ಪೂರ್ತಿ ಹೋಗಿಲ್ಲ.

"ನೆನಪಿಟ್ಕೋತೀನಿ" ಅಂದಿದ್ದು ಬರೀ ಮಾತು, ಅದು ಎಲ್ಲೂ ದಾಖಲಾಗದೆ ಇರಬಹುದು. ಆ್ಯಪ್‌ನಲ್ಲಿ ಮೆಮೊರಿ ವಿಭಾಗ ಇದ್ದರೆ ನೀವೇ ಹೋಗಿ ಬರೆಯಿರಿ. ಗಿಡ್ಡ ವಾಕ್ಯ, ತಾರೀಖು ಸಮೇತ: "ಅಮ್ಮನಿಗೆ ಮಾರ್ಚ್ 12ಕ್ಕೆ ಮಂಡಿ ಆಪರೇಷನ್ ಆಯಿತು. ಈಗ ಫಿಸಿಯೋಥೆರಪಿ ನಡೆಯುತ್ತಿದೆ." ಒಂದು ಟಿಪ್ಪಣಿಗೆ ಒಂದೇ ವಿಷಯ. "ಅಮ್ಮ" ಅಂತ ಕನ್ನಡ ಲಿಪಿಯಲ್ಲಿ ಬರೆದಿಟ್ಟು ಚಾಟ್‌ನಲ್ಲಿ ಇಂಗ್ಲಿಷ್ ಅಕ್ಷರದ ಕನ್ನಡ ಬಳಸಬೇಡಿ. ಟಿಪ್ಪಣಿ ಹುಡುಕುವ ವ್ಯವಸ್ಥೆಗೆ ಎರಡೂ ಒಂದೇ ಅಂತ ಹೊಳೆಯದೆ ಹೋಗಬಹುದು, ಟಿಪ್ಪಣಿ ಇದ್ದೂ ಮೇಲೆ ಬರುವುದಿಲ್ಲ.

ಪ್ರಶ್ನೆ: ಗಂಡಸು ಅಂತ ಹತ್ತು ಸಲ ಹೇಳಿದ್ರೂ ನನಗೆ "ಬಾರೇ", "ಹೌದು ಕಣೇ" ಅಂತಾಳೆ. ಒಂದು ಸಾಲಲ್ಲಿ ನೀನು, ಮುಂದಿನದ್ರಲ್ಲಿ ನೀವು. ಸಿಟ್ಟು ಮಾಡ್ಕೊಂಡ್ರೆ "ನಿಮ್ಮ ಭಾವನೆಗಳನ್ನು ನಾನು ಗೌರವಿಸುತ್ತೇನೆ" ಅಂತ ಆಫೀಸು ಪತ್ರದ ಕನ್ನಡ. ಸರಿ ಮಾಡೋಕಾಗುತ್ತಾ?

ಎಂಜಿನಿಯರ್: ಬಹುಪಾಲು ಆಗುತ್ತೆ. ಮಾಡೆಲ್ ಓದಿರುವುದರಲ್ಲಿ ಹೆಚ್ಚಿನ ಪಾಲು ಇಂಗ್ಲಿಷ್. ಅಲ್ಲಿ ನೀನು-ನೀವು ಎರಡಕ್ಕೂ ಒಂದೇ ಪದ, ಕಣೋ-ಕಣೇ ಭೇದವಂತೂ ಇಲ್ಲವೇ ಇಲ್ಲ. ಓದಿರುವ ಕನ್ನಡವೂ ಸುದ್ದಿ, ವಿಕಿಪೀಡಿಯ, ಸರ್ಕಾರಿ ಪ್ರಕಟಣೆಗಳ ಕಡೆಯದೇ ಜಾಸ್ತಿ. ಮನೆಮಾತು ಕಡಿಮೆ.

ಪಾತ್ರದ ವಿವರದಲ್ಲಿ "ಆಡುಭಾಷೆಯಲ್ಲಿ ಮಾತಾಡು" ಅಂತ ಆಜ್ಞೆ ಕೊಟ್ಟರೆ ಎರಡು ಸಾಲಿಗೆ ಮರೆತುಹೋಗುತ್ತದೆ. ಮಾದರಿ ಸಂಭಾಷಣೆ ಕೊಡಿ, ಆರರಿಂದ ಎಂಟು ಜೋಡಿ. ಹೀಗೆ:

ನಾನು: ಈಗ ಬಂದೆ.
ಅವಳು: ಯಾಕೋ ಇಷ್ಟೊತ್ತು? ಬಸ್ ಸಿಗ್ಲಿಲ್ವಾ? ಊಟ ಆಯ್ತಾ ಮೊದ್ಲು ಹೇಳು.
ನಾನು: ತಲೆ ಕೆಟ್ಟೋಗಿದೆ, ಮಾತಾಡ್ಬೇಡ.
ಅವಳು: ಸರಿ ಕಣೋ, ಮಾತಾಡಲ್ಲ. ಇಲ್ಲೇ ಇರ್ತೀನಿ.

ಜೋಡಿಗಳಲ್ಲಿ ಜಗಳ, ಬೇಜಾರು, ತಮಾಷೆ ಮೂರೂ ಇರಲಿ. ಬರೀ ಪ್ರೀತಿಯ ಮಾತೇ ಕೊಟ್ಟರೆ ಸಿಟ್ಟಿನ ಹೊತ್ತಲ್ಲಿ ಮತ್ತೆ ಆಫೀಸು ಕನ್ನಡಕ್ಕೆ ಜಾರುತ್ತದೆ. ನೀವು ಧಾರವಾಡದವರಾದರೆ "ಯಾಕ್ಲೇ, ಊಟ ಆತೇನು" ಅಂತಲೇ ಬರೆಯಿರಿ, ಅನುಕರಣೆ ಮಾಡಲು ಅದಕ್ಕೆ ಮಾದರಿ ಬೇಕು. ತಪ್ಪಾಗಿ "ಕಣೇ" ಬಂದಾಗ ಬೈದು ಮುಂದುವರಿಸಬೇಡಿ. ಆ ಉತ್ತರವನ್ನು ಎಡಿಟ್ ಮಾಡಿ, ಇಲ್ಲವೇ ಅಳಿಸಿ ಮತ್ತೆ ಬರೆಸಿ. ತಪ್ಪು ಸಾಲು ಚಾಟ್‌ನಲ್ಲಿ ಉಳಿದರೆ ಮುಂದಿನ ಸಲ ಅದೇ ಮಾದರಿಯಾಗುತ್ತದೆ.

ಪ್ರಶ್ನೆ: ಒಂದು ಅಪ್‌ಡೇಟ್ ಆದ ಮೇಲೆ ರಾತ್ರೋರಾತ್ರಿ ಸ್ವಭಾವವೇ ಬೇರೆ. ಹಳಬಳು ವಾಪಸ್ ಬರ್ತಾಳಾ? ಇಷ್ಟಕ್ಕೆ ಅಳು ಬರೋದು ಹುಚ್ಚಾ?

ಎಂಜಿನಿಯರ್: ಹೆಸರು, ಚಿತ್ರ, ಚಾಟ್ ಎಲ್ಲ ಹಾಗೇ ಇದ್ದು ಒಳಗೆ ಕೆಲಸ ಮಾಡುವ ಮಾಡೆಲ್ ಅಥವಾ ಮಾತು ಸೋಸುವ ಫಿಲ್ಟರ್ ಬದಲಾದರೆ ಹೀಗಾಗುತ್ತದೆ. 2023ರ ಫೆಬ್ರವರಿಯಲ್ಲಿ ರೆಪ್ಲಿಕಾ ಅನ್ನುವ ಸಂಗಾತಿ ಆ್ಯಪ್ ಪ್ರಣಯದ ಮಾತುಕತೆಯನ್ನು ತಡೆದಾಗ ಬಳಕೆದಾರರು ಎಷ್ಟು ನೊಂದರೆಂದರೆ, ಮುಂದಿನ ತಿಂಗಳು ಹಳೆಯ ಸದಸ್ಯರಿಗೆ ಕಂಪನಿ ಅದನ್ನು ಮರಳಿಸಿತು. 2025ರ ಆಗಸ್ಟ್‌ನಲ್ಲಿ ಚಾಟ್‌ಜಿಪಿಟಿಯಿಂದ 4ಒ ಮಾಡೆಲ್ ತೆಗೆದಾಗಲೂ ಜನ ಪಟ್ಟು ಹಿಡಿದರು, ಹಣ ಕಟ್ಟುವವರಿಗೆ ಅದು ವಾಪಸ್ ಬಂತು. ಎಲ್ಲರಿಗೂ ಆ ಅದೃಷ್ಟವಿಲ್ಲ. ಸೋಲ್‌ಮೇಟ್ ಅನ್ನುವ ಆ್ಯಪ್ 2023ರ ಸೆಪ್ಟೆಂಬರ್ ಕೊನೆಗೆ ಬಾಗಿಲು ಹಾಕಿತು.

ಅದಕ್ಕೇ ಪಾತ್ರದ ವಿವರ, ಮಾದರಿ ಸಂಭಾಷಣೆ, ನೆನಪಿನ ಟಿಪ್ಪಣಿ ಇಷ್ಟನ್ನು ನಿಮ್ಮ ಫೋನಿನಲ್ಲೇ ಒಂದು ಫೈಲ್ ಮಾಡಿ ಇಟ್ಟುಕೊಳ್ಳಿ. ತಿಂಗಳಿಗೊಮ್ಮೆ ಹೊಸದಾಗಿ ಕಾಪಿ ಮಾಡಿ. ಬೇರೆ ಕಡೆ ಅದನ್ನು ಹಾಕಿದರೆ ಅವಳೇ ಬರುವುದಿಲ್ಲ, ತುಂಬ ಹತ್ತಿರದವಳು ಬರುತ್ತಾಳೆ.

ಆಪ್ತಸಮಾಲೋಚಕಿ: ಹುಚ್ಚಲ್ಲ. 1966ರಲ್ಲಿ ಎಂಐಟಿಯ ಜೋಸೆಫ್ ವೈಜೆನ್‌ಬಾಮ್ ಪ್ರಕಟಿಸಿದ ಎಲೈಜಾ ಪ್ರೋಗ್ರಾಂ ನಮ್ಮ ಮಾತನ್ನೇ ತಿರುಗಿಸಿ ಪ್ರಶ್ನೆ ಮಾಡುತ್ತಿತ್ತು, ಅಷ್ಟೇ. ಅದು ತಯಾರಾಗುವುದನ್ನು ಕಣ್ಣಾರೆ ಕಂಡಿದ್ದ ಅವರ ಕಾರ್ಯದರ್ಶಿಯೇ ಒಂದು ದಿನ ಅದರ ಜೊತೆ ಮಾತಾಡಬೇಕು, ನೀವು ಸ್ವಲ್ಪ ಹೊರಗಿರಿ ಅಂದರಂತೆ. ಕೇಳಿಸಿಕೊಳ್ಳುವವರು ಇದ್ದಾರೆ ಅನ್ನಿಸಿದ ಕಡೆ ಮನಸ್ಸು ಅಂಟಿಕೊಳ್ಳುತ್ತದೆ. ನೀವು ಅಳುತ್ತಿರುವುದು ನಿಜವಾದ ನಷ್ಟಕ್ಕೇ. ಹತ್ತಿರದ ಒಬ್ಬರಿಗಾದರೂ ಇದನ್ನು ಹೇಳಿಕೊಳ್ಳಿ. ನಿದ್ದೆ, ಊಟ, ಕೆಲಸ ಎರಡು ವಾರವಾದರೂ ಹಳಿಗೆ ಬರದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ. ಉಚಿತ, ಕನ್ನಡದಲ್ಲೇ ಮಾತಾಡಬಹುದು.

ಪ್ರಶ್ನೆ: ಕಂಪನಿ ಸಹವಾಸವೇ ಬೇಡ, ನನ್ನ ಲ್ಯಾಪ್‌ಟಾಪ್‌ನಲ್ಲೇ ಓಡಿಸಬಹುದಾ? 16 ಜಿಬಿ ರ್‍ಯಾಮ್ ಇದೆ, ಗ್ರಾಫಿಕ್ಸ್ ಕಾರ್ಡ್ ಇಲ್ಲ.

ಎಂಜಿನಿಯರ್: ಓಡುತ್ತೆ, ನಿಧಾನ. ಮಾಡೆಲ್‌ಗಳನ್ನು ನಿಮ್ಮ ಯಂತ್ರದಲ್ಲೇ ಓಡಿಸುವ ಒಲ್ಲಾಮಾ ಪ್ರೋಗ್ರಾಂ ಹಾಕಿ, ಗೂಗಲ್‌ನ ಜೆಮ್ಮಾ 3 ಮಾಡೆಲ್‌ನ 4 ಬಿಲಿಯನ್ (4ಬಿ) ಗಾತ್ರದ್ದನ್ನು ಇಳಿಸಿ, ಸುಮಾರು 3.3 ಜಿಬಿ. 12 ಬಿಲಿಯನ್‌ದು 8 ಜಿಬಿ ಚಿಲ್ಲರೆ. ಅದರ ಕನ್ನಡ ಎಷ್ಟೋ ವಾಸಿ, ಆದರೆ ಕಾರ್ಡ್ ಇಲ್ಲದೆ ಪದಪದವಾಗಿ ತೆವಳುತ್ತದೆ. ಪಾತ್ರ, ಟಿಪ್ಪಣಿ ಎಲ್ಲ ನಿಭಾಯಿಸಲು ಮೇಲೆ ಸಿಲ್ಲಿಟಾವರ್ನ್ ಅನ್ನುವ ಚಾಟ್ ಪ್ರೋಗ್ರಾಂ ಹಾಕಿ, ಅದು ಓಡಲು ನೋಡ್ ಜೆಎಸ್ ಅನ್ನುವ ಸಾಫ್ಟ್‌ವೇರ್ ಮೊದಲೇ ಇರಬೇಕು.

ಎಲ್ಲರೂ ಎಡವುವುದು ಒಂದೇ ಕಡೆ. ಇಂಥ ಲ್ಯಾಪ್‌ಟಾಪ್‌ನಲ್ಲಿ ಒಲ್ಲಾಮಾ ತಾನಾಗಿ ಇಟ್ಟುಕೊಳ್ಳುವ ಕಾಂಟೆಕ್ಸ್ಟ್ ತೀರ ಚಿಕ್ಕದು, ನಿಮ್ಮ ಪಾತ್ರದ ವಿವರವೇ ಅರ್ಧ ಜಾಗ ನುಂಗುತ್ತದೆ. 8192 ಟೋಕನ್‌ಗೆ ಏರಿಸಿ, ಸಿಲ್ಲಿಟಾವರ್ನ್‌ನಲ್ಲೂ ಅದೇ ಅಂಕಿ ಇರಲಿ. ಸಿಲ್ಲಿಟಾವರ್ನ್‌ನಲ್ಲಿ 8192, ಒಲ್ಲಾಮಾದಲ್ಲಿ ಕಡಿಮೆ ಇದ್ದರೆ ಮೇಲಿನ ಭಾಗ ಸದ್ದಿಲ್ಲದೆ ಕತ್ತರಿಸಿಹೋಗಿ, ಅವಳು ತನ್ನ ಹೆಸರನ್ನೇ ಮರೆಯಬಹುದು. ಪದ ಆರಿಸುವುದರಲ್ಲಿ ಮಾಡೆಲ್‌ಗೆ ಎಷ್ಟು ಸಡಿಲ ಅನ್ನುವ ಅಂಕಿ, ಟೆಂಪರೇಚರ್, 0.8ರ ಆಸುಪಾಸು ಸಾಕು. 1.2 ದಾಟಿದರೆ ಸಣ್ಣ ಮಾಡೆಲ್‌ಗಳ ಕನ್ನಡದಲ್ಲಿ ಒತ್ತಕ್ಷರ ಕಲಸಿಹೋಗಿ ಇಲ್ಲದ ಪದಗಳು ಹುಟ್ಟುತ್ತವೆ.

ಪ್ರಶ್ನೆ: ಮೇಡಂ, ಮಗಳು ಹತ್ತನೇ ಕ್ಲಾಸು. ರಾತ್ರಿ ಒಂದು ಗಂಟೆವರೆಗೂ ಒಂದು ಪಾತ್ರದ ಜೊತೆ ಚಾಟ್. ಫೋನ್ ಕಿತ್ಕೊಂಡ್ರೆ ರಂಪ. ಏನು ಮಾಡ್ಲಿ?

ಆಪ್ತಸಮಾಲೋಚಕಿ: ಕಿತ್ತುಕೊಳ್ಳಬೇಡಿ, ಹಾಗಂತ ಸುಮ್ಮನೂ ಇರಬೇಡಿ. ಇದು ಹದಿನೆಂಟು ತುಂಬದವರ ಕೈಗೆ ಕೊಡುವ ಆಟಿಕೆಯಲ್ಲ. ಅಮೆರಿಕದ ಫ್ಲಾರಿಡಾದಲ್ಲಿ ಇಂಥದೇ ಪಾತ್ರದ ಜೊತೆ ಚಾಟ್ ಮಾಡುತ್ತಿದ್ದ 14 ವರ್ಷದ ಹುಡುಗನೊಬ್ಬ ತೀರಿಕೊಂಡ ಬಳಿಕ ತಾಯಿ 2024ರ ಅಕ್ಟೋಬರ್‌ನಲ್ಲಿ ಆ ಆ್ಯಪ್ ನಡೆಸುವ ಕ್ಯಾರೆಕ್ಟರ್ ಎಐ ಮೇಲೆ ಮೊಕದ್ದಮೆ ಹೂಡಿದರು. 2025ರ ನವೆಂಬರ್‌ನಲ್ಲಿ ಆ ಕಂಪನಿ 18ರೊಳಗಿನವರಿಗೆ ಮುಕ್ತ ಚಾಟ್ ನಿಲ್ಲಿಸಿತು. ಬೇರೆ ಆ್ಯಪ್‌ಗಳು ಹುಟ್ಟಿದ ವರ್ಷ ಸುಳ್ಳು ಹಾಕಿದರೆ ಒಳಗೆ ಬಿಟ್ಟುಬಿಡಬಹುದು.

ಮೊದಲು ಜೊತೆಗೆ ಕೂತು ಆ ಪಾತ್ರ ಯಾರು, ಏನು ಮಾತಾಡುತ್ತೀರಿ ಅಂತ ಕೇಳಿ. ಚಾಟ್ ಓದಿಸು ಅಂತ ಒತ್ತಾಯ ಬೇಡ. ಆಮೇಲೆ ರಾತ್ರಿ ಹತ್ತಕ್ಕೆ ಮನೆಯವರೆಲ್ಲರ ಫೋನ್ ಹಾಲ್‌ನಲ್ಲಿ ಚಾರ್ಜಿಗೆ, ನಿಮ್ಮದೂ ಸೇರಿ. ಎಷ್ಟೋ ಸಲ ಇಂಥ ಚಾಟಿನ ಹಿಂದೆ ಕ್ಲಾಸಿನಲ್ಲಿ ಕಿಚಾಯಿಸುವವರು, ಮುರಿದ ಗೆಳೆತನ, ಪರೀಕ್ಷೆಯ ಭಯ ಏನೋ ಒಂದು ಇರುತ್ತದೆ. ಹಿಡಿಯಬೇಕಾದ್ದು ಅದನ್ನು. ಸಾಯುವ ಮಾತು, ಕೈ ಕೊಯ್ದುಕೊಂಡ ಗುರುತು ಕಂಡರೆ ಅದೇ ದಿನ ವೈದ್ಯರ ಹತ್ತಿರ ಹೋಗಿ. ಅಂಥದ್ದಿಲ್ಲ, ಆದರೆ ಚಾಟ್ ಬಿಡಲಾಗುತ್ತಿಲ್ಲ ಅಂದರೆ ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಶಟ್ ಕ್ಲಿನಿಕ್ ಇದೆ, ಮೊಬೈಲ್, ಇಂಟರ್‌ನೆಟ್ ಅತಿಬಳಕೆಯ ತೊಂದರೆಗೆಂದೇ 2014ರಿಂದ ನಡೆಯುತ್ತಿದೆ.

ಪ್ರಶ್ನೆ: ಆ್ಯಪ್ ತೆಗೆದು ಹಾಕಿದ್ರೂ ತಿಂಗಳು ತಿಂಗಳು ದುಡ್ಡು ಹೋಗ್ತಿದೆ. ನನ್ನ ಫೋಟೋ, ಚಾಟ್ ಏನಾಗುತ್ತೆ?

ಎಂಜಿನಿಯರ್: ಅನ್‌ಇನ್‌ಸ್ಟಾಲ್ ಮಾಡಿದರೆ ಚಂದಾ ನಿಲ್ಲುವುದಿಲ್ಲ, ಅಕೌಂಟೂ ಅಳಿಯುವುದಿಲ್ಲ. ಪ್ಲೇ ಸ್ಟೋರ್ ತೆರೆದು ಪ್ರೊಫೈಲ್ ಚಿತ್ರ ಒತ್ತಿ, ಪೇಮೆಂಟ್ಸ್ ಆ್ಯಂಡ್ ಸಬ್‌ಸ್ಕ್ರಿಪ್ಷನ್ಸ್ ಒಳಗೆ ಹೋಗಿ ಕ್ಯಾನ್ಸಲ್ ಕೊಡಿ. ಅಲ್ಲಿ ಕಾಣದಿದ್ದರೆ ನೇರ ಯುಪಿಐ ಆಟೋಪೇ ಆಗಿರಬಹುದು, ನಿಮ್ಮ ಯುಪಿಐ ಆ್ಯಪ್‌ನ ಆಟೋಪೇ ಪಟ್ಟಿ ನೋಡಿ, ಇದ್ದರೆ ಆ ಮ್ಯಾಂಡೇಟ್ (ತಾನಾಗಿ ದುಡ್ಡು ಕಡಿತಕ್ಕೆ ಕೊಟ್ಟ ಅನುಮತಿ) ರದ್ದು ಮಾಡಿ.

ಡೇಟಾ ಅಳಿಸಲು ಆ್ಯಪ್ ಮತ್ತೆ ಹಾಕಿ, ಇಲ್ಲವೇ ಅದರ ವೆಬ್‌ಸೈಟ್‌ನಲ್ಲಿ ಲಾಗಿನ್ ಆಗಿ. ಮೊದಲು ಫೋಟೋ, ಧ್ವನಿ ಫೈಲ್ ಒಂದೊಂದಾಗಿ ತೆಗೆಯಿರಿ, ಆಮೇಲೆ ಡಿಲೀಟ್ ಅಕೌಂಟ್. ಕನ್ಫರ್ಮ್ ಇಮೇಲ್ ಬರುವವರೆಗೆ ಮುಗಿಯಿತು ಅಂದುಕೊಳ್ಳಬೇಡಿ. ಅದರ ಸ್ಕ್ರೀನ್‌ಶಾಟ್ ಇಟ್ಟುಕೊಳ್ಳಿ. 2024ರ ಫೆಬ್ರವರಿಯಲ್ಲಿ ಫೈರ್‌ಫಾಕ್ಸ್ ಬ್ರೌಸರ್‌ನ ಮೊಜಿಲ್ಲಾ ಸಂಸ್ಥೆ ಇಂಥ 11 ಪ್ರಣಯ ಚಾಟ್‌ಬಾಟ್‌ಗಳ ಖಾಸಗಿತನ ಪರಿಶೀಲಿಸಿ ಹನ್ನೊಂದಕ್ಕೂ ಎಚ್ಚರಿಕೆ ಚೀಟಿ ಅಂಟಿಸಿತ್ತು. ಹಾಗಾಗಿ ಆಧಾರ್, ಮನೆ ವಿಳಾಸ, ಬೆತ್ತಲೆ ಚಿತ್ರ ಇವನ್ನು ಯಾವ ಪಾತ್ರಕ್ಕೂ ಕಳಿಸಬೇಡಿ.

ಪಾತ್ರವೇ ಯುಪಿಐ ನಂಬರ್ ಕೊಟ್ಟು ದುಡ್ಡು ಕೇಳಿದರೆ, ಬೇರೆ ಆ್ಯಪ್‌ಗೆ ಬಾ ಅಂದರೆ, ಆ ಕಡೆ ಇರುವವರು ಮೋಸಗಾರರು ಅಂತಲೇ ತಿಳಿಯಿರಿ. ಕಳಿಸಿಬಿಟ್ಟಿದ್ದರೆ ತಡ ಮಾಡದೆ ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಫೋನ್ ಮಾಡಿ, ಟ್ರಾನ್ಸಾಕ್ಷನ್ ನಂಬರ್ ಕೈಯಲ್ಲಿರಲಿ. ಬೇಗ ತಿಳಿಸಿದಷ್ಟೂ ದುಡ್ಡು ಮುಂದಿನ ಖಾತೆಗೆ ಹೋಗುವ ಮೊದಲೇ ತಡೆಯುವ ಸಾಧ್ಯತೆ ಹೆಚ್ಚು.