ತಂದೆ ಹೆಸರಿನ ಸರ್ಟಿಫಿಕೇಟಾ, ಗಂಡನ ಹೆಸರಿನದಾ? ಶಿಕ್ಷಕರ ನೇಮಕಾತಿ ಕಂಡವರು ಹೇಳಿ

ಗೋಕಾಕದಿಂದ:
ನಮಸ್ಕಾರ. ನನ್ನದು 2ಎ (ಹಿಂದುಳಿದ ವರ್ಗ, ಮೀಸಲಾತಿಗೆ ಜಾತಿ ಜೊತೆ ಆದಾಯವನ್ನೂ ನೋಡುತ್ತಾರೆ). ಬಿಎಡ್, ಟಿಇಟಿ ಎರಡೂ ಆಗಿವೆ. ಮದುವೆಯಾಗಿ ಎರಡು ವರ್ಷ. ಜಾತಿ-ಆದಾಯ ಪ್ರಮಾಣಪತ್ರ ಇನ್ನೂ ತಂದೆ ಹೆಸರಿನಲ್ಲೇ ಇದೆ. ಮುಂದಿನ ಶಿಕ್ಷಕರ ನೇಮಕಾತಿಗೆ ಅದನ್ನೇ ಕೊಟ್ಟರೆ ನಡೆಯುತ್ತಾ, ಗಂಡನ ಹೆಸರಿನಲ್ಲಿ ಹೊಸದು ಮಾಡಿಸಬೇಕಾ? ಹಿಂದೆ ಇದೇ ವಿಷಯ ಕೋರ್ಟ್ ಮೆಟ್ಟಿಲು ಹತ್ತಿತ್ತು ಅಂತ ಕೇಳಿದ್ದೇನೆ. ಅನುಭವ ಇದ್ದವರು ದಯವಿಟ್ಟು ತಿಳಿಸಿ.

ಮುಧೋಳದಿಂದ:
ತಂಗಿ, ಆ ಗೊಂದಲದಲ್ಲಿ ಸಿಕ್ಕಿಬಿದ್ದವರಲ್ಲಿ ನಾನೂ ಒಬ್ಬಳು. ಸ್ವಲ್ಪ ಉದ್ದ ಬರೆಯುತ್ತೇನೆ, ಬೇಜಾರಾಗಬೇಡ.

2022ರಲ್ಲಿ ಆರರಿಂದ ಎಂಟನೇ ತರಗತಿಗೆ 15,000 ಪದವೀಧರ ಶಿಕ್ಷಕರ ಹುದ್ದೆ ಕರೆದಿದ್ದರು. ಮೇ ತಿಂಗಳಲ್ಲಿ ಪರೀಕ್ಷೆ, ನವೆಂಬರ್‌ನಲ್ಲಿ ತಾತ್ಕಾಲಿಕ ಆಯ್ಕೆ ಪಟ್ಟಿ. ಅವತ್ತು ರಾತ್ರಿ ಮಗುವನ್ನು ತೊಡೆ ಮೇಲೆ ಮಲಗಿಸಿಕೊಂಡು ಮೊಬೈಲಿನಲ್ಲಿ ಪಿಡಿಎಫ್ ಎಳೆಯುತ್ತಾ ಕೂತಿದ್ದೆ. ನನ್ನ ನಂಬರ್ ಇಲ್ಲ. ನನ್ನ ವರ್ಗದಲ್ಲಿ ಕೊನೆಗೆ ಆಯ್ಕೆಯಾದವರಿಗಿಂತ ನನಗೆ ಅಂಕ ಜಾಸ್ತಿ ಇತ್ತು. ವಿಚಾರಿಸಿದಾಗ ಗೊತ್ತಾಯಿತು, ತಂದೆ ಹೆಸರಿನ ಪ್ರಮಾಣಪತ್ರ ಕೊಟ್ಟ ಮದುವೆಯಾದ ಹೆಣ್ಣುಮಕ್ಕಳನ್ನು ಜಿಎಂಗೆ, ಅಂದರೆ ಮೀಸಲಾತಿ ಇಲ್ಲದ ಸಾಮಾನ್ಯ ವರ್ಗಕ್ಕೆ, ಹಾಕಿದ್ದರು. ಗಂಡನ ಆದಾಯ ತೋರಿಸಬೇಕಿತ್ತಂತೆ.

ಕೆಲವರು ಹೈಕೋರ್ಟಿಗೆ ಹೋದರು. 2023ರ ಜನವರಿಯಲ್ಲಿ ಏಕಸದಸ್ಯ ಪೀಠ ತಂದೆ-ತಾಯಿ ಆದಾಯವನ್ನೇ ನೋಡಬೇಕು, ಗಂಡನದಲ್ಲ ಅಂತ ಹೇಳಿತು. ಪಟ್ಟಿ ಬದಲಾಯಿತು. ನಾವು ಕುಣಿದಾಡಿದೆವು. ಆದರೆ ಒಬ್ಬರು ಒಳಗೆ ಬಂದರೆ ಇನ್ನೊಬ್ಬರು ಹೊರಗೆ ಹೋಗಲೇಬೇಕಲ್ಲ. ಹಾಗೆ ಹೊರಗೆ ಬಿದ್ದವರಲ್ಲಿ ನನ್ನ ಬಿಎಡ್ ಗೆಳತಿಯೂ ಇದ್ದಳು. ಒಂದೇ ಬೆಂಚು, ಒಂದೇ ಡಬ್ಬಿ ನಮ್ಮದು. ಅವಳದೇನು ತಪ್ಪು? ಅವಳ ಕಡೆಯವರು ಮೇಲ್ಮನವಿ ಹಾಕಿದರು. ಅದೇ ವರ್ಷ ಅಕ್ಟೋಬರ್‌ನಲ್ಲಿ ಹೈಕೋರ್ಟಿನದೇ ಇಬ್ಬರು ನ್ಯಾಯಮೂರ್ತಿಗಳ ವಿಭಾಗೀಯ ಪೀಠ ಏಕಸದಸ್ಯ ಪೀಠದ ಆದೇಶ ರದ್ದು ಮಾಡಿ, ಮೊದಲು ಕೆಎಟಿಗೆ (ಸರ್ಕಾರಿ ನೌಕರಿ ವ್ಯಾಜ್ಯ ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋಗಿ ಅಂದಿತು. ಪರೀಕ್ಷೆ ಬರೆದು ಒಂದೂವರೆ ವರ್ಷ ಆಗುತ್ತಾ ಬಂದಿತ್ತು. ಆ ಗೆಳತಿ ಜೊತೆ ನನ್ನ ಮಾತುಕತೆ ಇನ್ನೂ ಮೊದಲಿನಂತಿಲ್ಲ.

ಅದಕ್ಕೇ ಹೇಳುವುದು, ಯಾರದು ಸರಿ ಅಂತ ವಾದ ಮಾಡಬೇಡ. ಎರಡೂ ಪ್ರಮಾಣಪತ್ರ ಮಾಡಿಸಿಟ್ಟುಕೋ. ಅಧಿಸೂಚನೆಯಲ್ಲಿ ಏನು ಕೇಳಿದ್ದಾರೋ ಅದನ್ನು ಅಕ್ಷರ ಬಿಡದೆ ಓದು, ಅದನ್ನೇ ಕೊಡು.

ಬೀಳಗಿಯಿಂದ:
ತಾರೀಖನ್ನೂ ನೋಡಿ ಮೇಡಂ. 2ಎ, 2ಬಿ, 3ಎ, 3ಬಿ ಪ್ರಮಾಣಪತ್ರಕ್ಕೆ ಐದೇ ವರ್ಷ ಆಯಸ್ಸು. ನನ್ನದು ಮುಗಿದಿದ್ದು ಗೊತ್ತೇ ಆಗಲಿಲ್ಲ. ಅರ್ಜಿಯ ಕೊನೆ ದಿನ ದಾಟಿ ನಾಲ್ಕು ದಿನಕ್ಕೆ ಹೊಸದು ಕೈಗೆ ಬಂತು. ದಾಖಲಾತಿ ಪರಿಶೀಲನೆ ಟೇಬಲ್‌ನಲ್ಲಿ ಆ ತಾರೀಖಿನ ಮೇಲೆ ಪೆನ್ನಿನಿಂದ ಒಂದು ಸುತ್ತು ಹಾಕಿದರು, ಅಷ್ಟೇ, ಮೀಸಲಾತಿ ಅಲ್ಲಿಗೇ ಹೋಯಿತು. ನಮ್ಮದು ಆಲಮಟ್ಟಿ ಹಿನ್ನೀರಿಗೆ ಹೋದ ಊರು, ಯೋಜನಾ ನಿರಾಶ್ರಿತರ ಪತ್ರವೂ (ಅಣೆಕಟ್ಟಿನಂಥ ಯೋಜನೆಗೆ ಮನೆ-ಜಮೀನು ಕಳೆದುಕೊಂಡವರ ಮೀಸಲಾತಿಗೆ ಕೊಡುವುದು) ಇತ್ತು. ಅದು ಟ್ರಂಕಿನಲ್ಲೇ ಉಳಿದಿತ್ತು. ನಮ್ಮ ಕಡೆ ಮುಳುಗಡೆಯವರು ಅದನ್ನು ಮರೆಯುವುದೇ ಜಾಸ್ತಿ.

ವಿಜಯಪುರದಿಂದ:
ನನ್ನ ತಂಗಿ ಎಸ್‌ಸಿ ಹುಡುಗನನ್ನು ಮದುವೆಯಾಗಿದ್ದಾಳೆ. ನಮ್ಮದು ಜಿಎಂ. ಅವಳಿಗೆ ಎಸ್‌ಸಿ ಮೀಸಲಾತಿ ಸಿಗುತ್ತೆ ಅಂತ ಯಾರೋ ಹೇಳಿದ್ದಾರೆ. ನಿಜವಾ?

ಬೆಳಗಾವಿಯಿಂದ:
ಇಲ್ಲ ಸರ್, ಆ ದಾರಿ ಹಿಡಿಯಬೇಡಿ. ನಾನು ವಕೀಲರ ಹತ್ತಿರ ಜೂನಿಯರ್. ಜಾತಿ ಹುಟ್ಟಿನಿಂದ ಬರುತ್ತದೆ, ಮದುವೆಯಿಂದ ಬದಲಾಗುವುದಿಲ್ಲ. ಹೀಗೆ ಗಂಡನ ಜಾತಿ ಮೇಲೆ ಕೇಂದ್ರೀಯ ವಿದ್ಯಾಲಯದ ಶಿಕ್ಷಕಿಯಾಗಿದ್ದವರ ಕೇಸಿನಲ್ಲಿ 2018ರಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದೆ. ಎರಡು ದಶಕ ಕೆಲಸ ಮಾಡಿದ್ದರು ಪಾಪ, ವಜಾ ಬದಲು ಕಡ್ಡಾಯ ನಿವೃತ್ತಿ ಅಂತ ಮಾಡಿದರು. ಗೋಕಾಕದ ಮೇಡಂ ಕೇಳಿದ್ದು ಆದಾಯದ ಪ್ರಶ್ನೆ. ಎರಡನ್ನೂ ಬೆರೆಸಬೇಡಿ.

ಪಟ್ಟಿಯಲ್ಲಿ ತಪ್ಪಾದರೆ ಏನು ಮಾಡಬೇಕು ಅಂತಲೂ ಹೇಳಿಬಿಡುತ್ತೇನೆ. ಆಕ್ಷೇಪಣೆಗೆ ಕೊಟ್ಟ ದಿನಗಳೊಳಗೆ ಬರವಣಿಗೆಯಲ್ಲೇ ಕೊಡಿ. ನಕಲಿನ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. "ನೋಡ್ತೀವಿ ಹೋಗಿ" ಅಂದರೆ ಬರಬೇಡಿ, ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ ಕೇಳಿ. ಕೈಯಲ್ಲಿ ಹಿಂಬರಹ ಇಲ್ಲದೆ ನಮ್ಮ ಆಫೀಸಿಗೆ ಬರುವವರೇ ಹೆಚ್ಚು. ಅಂತಿಮ ಆದೇಶ ಬಂದ ಮೇಲೆ ಕೆಎಟಿಗೆ ಹೋಗಲು ಒಂದು ವರ್ಷ ಸಮಯ ಇರುತ್ತದೆ, ಆದರೆ ನೇಮಕಾತಿ ಕೇಸಿನಲ್ಲಿ ಅಷ್ಟು ಕಾದರೆ ಬೇರೆಯವರು ಆ ಕುರ್ಚಿಯಲ್ಲಿ ಕೂತಿರುತ್ತಾರೆ. ಕೆಎಟಿ ಪೀಠ ಬೆಳಗಾವಿಯಲ್ಲೇ ಇದೆ, ಬೆಂಗಳೂರಿಗೆ ಓಡಬೇಕಿಲ್ಲ. ಅಲ್ಲಿ ಸೋತರೆ ಮುಂದೆ ಹೈಕೋರ್ಟ್. ಇನ್ನೊಂದು ಮಾತು, ನೀವು ಗೆದ್ದರೆ ಯಾರ ಸೀಟು ಹೋಗುತ್ತದೋ ಅವರನ್ನೂ ಪ್ರತಿವಾದಿ ಮಾಡಬೇಕು. ಸರ್ಕಾರವನ್ನು ಮಾತ್ರ ಪಾರ್ಟಿ ಮಾಡಿ ಬಂದ ಅರ್ಜಿಗಳು ಅಲ್ಲೇ ಮುಗ್ಗರಿಸುತ್ತವೆ.

ಗೋಕಾಕದಿಂದ:
ಎಲ್ಲರಿಗೂ ಥ್ಯಾಂಕ್ಸ್. ಮುಧೋಳದ ಅಕ್ಕಾ, ಸೋಮವಾರ ನಾಡಕಚೇರಿಗೆ ಹೋಗ್ತಾ ಇದ್ದೇನೆ. ಏನೇನು ಒಯ್ಯಲಿ?

ಮುಧೋಳದಿಂದ:
ಇಬ್ಬರ ಆಧಾರ್, ರೇಷನ್ ಕಾರ್ಡ್, ಶಾಲೆ ದಾಖಲೆ, ಹಳೇ ಪ್ರಮಾಣಪತ್ರದ ಆರ್‌ಡಿ ನಂಬರ್ (ಅದರ ಮೇಲೆ RD ಅಂತ ಶುರುವಾಗುವ ನಂಬರ್). ಹೊಸದು ಕೈಗೆ ಬಂದ ಕೂಡಲೇ ಹೆಸರನ್ನು ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಪಕ್ಕದಲ್ಲಿಟ್ಟು ನೋಡು, ಇನಿಶಿಯಲ್ ಸಮೇತ. ಅಲ್ಲೇ ಕೌಂಟರ್ ಮುಂದೆ ನಿಂತು ನೋಡು, ಮನೆಗೆ ಬಂದ ಮೇಲಲ್ಲ.