ಪದಚರ್ಚೆ: ತೊಗರಿಯ ಹೆಣ್ಣು ಸಾಲನ್ನು ‘ಬಂಜೆ’ ಎನ್ನಬಹುದೇ?

ಬಳಗದ ಎಲ್ಲರಿಗೂ ನಮಸ್ಕಾರ.

ಸಂಕರ ತೊಗರಿಯ ಬೀಜೋತ್ಪಾದನೆಯ ಬಗ್ಗೆ ಕಲಬುರಗಿ ಕಡೆಯ ರೈತರಿಗಾಗಿ ಒಂದು ಕೈಪಿಡಿ ಬರೆಯುತ್ತಿದ್ದೇನೆ. ‘ಮೇಲ್ ಸ್ಟೆರಿಲಿಟಿ’, ಅಂದರೆ ಹೂವಿನ ಗಂಡು ಭಾಗ ಕೆಲಸಕ್ಕೆ ಬಾರದಿರುವ ಗುಣ, ಎಂಬ ಮಾತು ಬಂದಲ್ಲಿ ಬರವಣಿಗೆ ನಿಂತಿದೆ. ನಮ್ಮ ಕೃಷಿ ಬರಹಗಳಲ್ಲಿ ಇದಕ್ಕೆ ‘ಗಂಡು ಬಂಜೆತನ’, ‘ಪುರುಷ ವಂಧ್ಯತ್ವ’, ‘ನಪುಂಸಕ ತಳಿ’ ಎಂದೆಲ್ಲ ಬರೆಯುವುದುಂಟು. ಇವುಗಳಲ್ಲಿ ಒಂದೂ ತೊಗರಿಗೆ ಸಲ್ಲುವುದಿಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯ. ಏಕೆಂದು ವಿವರಿಸುತ್ತೇನೆ. ಇದಕ್ಕಿಂತ ಒಳ್ಳೆಯ ಪದ ಬಲ್ಲವರು ದಯವಿಟ್ಟು ತಿಳಿಸಿ.

ಗಿಡದಲ್ಲಿ ನಡೆಯುವುದೇನೆಂದು ಮೊದಲು ನೋಡೋಣ. ತೊಗರಿ ಹೂವಿನಲ್ಲಿ ಹತ್ತು ಕೇಸರಗಳಿವೆ. ಒಂಬತ್ತು ಬುಡದಲ್ಲಿ ಕೂಡಿಕೊಂಡು ಅಂಡಾಶಯವನ್ನು ಸುತ್ತುವರಿದಿರುತ್ತವೆ, ಹತ್ತನೆಯದು ಬಿಡಿಯಾಗಿರುತ್ತದೆ. ಹೂವು ಅರಳುವ ಹಿಂದಿನ ದಿನವೇ ಮೊಗ್ಗಿನೊಳಗೆ ಪರಾಗಕೋಶ ಒಡೆದು ಪರಾಗ ಉದುರಿರುತ್ತದೆ. ಹೀಗಾಗಿ ಗಿಡ ಬಹುಮಟ್ಟಿಗೆ ತನ್ನ ಪರಾಗದಿಂದಲೇ ಕಾಯಿ ಕಟ್ಟುತ್ತದೆ. ಅರಳಿದ ಮೇಲೆ ಹೆಜ್ಜೇನು, ಎಲೆ ಕತ್ತರಿಸಿ ಗೂಡು ಕಟ್ಟುವ ಒಂಟಿ ಜೇನು ಮುಂತಾದವು ಬೇರೆ ಗಿಡದ ಪರಾಗವನ್ನೂ ತಂದು ಹಾಕುತ್ತವೆ. ಹೆಸರು, ಉದ್ದು, ಕಡಲೆಗಳಲ್ಲಿ ಇಷ್ಟು ಅಡ್ಡ ಪರಾಗಸ್ಪರ್ಶ ಇಲ್ಲ. ಬೇಳೆಕಾಳುಗಳಲ್ಲಿ ಸಂಕರ ಬೀಜದ ಆಸೆಗೆ ತೊಗರಿ ಮೊದಲು ಒದಗಿದ್ದು ಈ ಜೇನಿನ ಬಲದಿಂದಲೇ.

ಸಂಕರ ಬೀಜ ಬೇಕೆಂದರೆ ಹೆಣ್ಣು ಗಿಡ ತನ್ನ ಪರಾಗದಿಂದಲೇ ಕಾಯಿ ಕಟ್ಟದಂತೆ ತಡೆದು ಬೇರೆ ತಳಿಯ ಪರಾಗ ಮುಟ್ಟಿಸಬೇಕು. ಹತ್ತಿಯಲ್ಲಿ ಈ ಕೆಲಸವನ್ನು ಕೈಯಿಂದಲೇ ಮಾಡಬಹುದು. ಧಾರವಾಡದಲ್ಲಿ ರೂಪುಗೊಂಡು 1972ರಲ್ಲಿ ಬಂದ ವರಲಕ್ಷ್ಮಿ ಹತ್ತಿಯ ಬೀಜ ಹಾಗೆಯೇ ತಯಾರಾಯಿತು: ಸಂಜೆ ಮೊಗ್ಗಿನ ಕೇಸರ ತೆಗೆಯುವುದು, ಮರುದಿನ ಬೆಳಿಗ್ಗೆ ಗಂಡು ಹೂವಿನ ಪರಾಗ ಸವರುವುದು. ಹತ್ತಿಯ ಒಂದು ಕಾಯಿಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಬೀಜ ಸಿಗುವುದರಿಂದ ಕೂಲಿ ಗಿಟ್ಟುತ್ತದೆ. ತೊಗರಿ ಕಾಯಿಯಲ್ಲಿ ಇರುವುದು ನಾಲ್ಕೈದು ಕಾಳು, ಹೂವೂ ಸಣ್ಣದು. ಎಕರೆಗಟ್ಟಲೆ ಬಿತ್ತನೆಗೆ ಬೇಕಾದ ಬೀಜವನ್ನು ಕೈಯಿಂದ ಮಾಡುವುದು ಆಗದ ಮಾತು. ಆದ್ದರಿಂದ ತನ್ನ ಪರಾಗವೇ ಇಲ್ಲದ ಗಿಡ ಬೇಕಾಯಿತು. ಅದರ ಮೊಗ್ಗನ್ನು ಬಿಡಿಸಿದರೆ ಕೇಸರಗಳು ಇರುತ್ತವೆ, ಆದರೆ ತುದಿಯ ಪರಾಗಕೋಶಗಳು ಬಿಳಚಿಕೊಂಡು ಮುರುಟಿರುತ್ತವೆ. ಉಗುರಿನಿಂದ ಒತ್ತಿದರೂ ಬೆರಳಿಗೆ ಹಳದಿ ಪುಡಿ ಅಂಟುವುದಿಲ್ಲ. ಅದೇ ಹೂವಿನ ಅಂಡಾಶಯಕ್ಕೆ ಯಾವ ಕುಂದೂ ಇಲ್ಲ. ಪಕ್ಕದ ಸಾಲಿನ ಪರಾಗವನ್ನು ಜೇನು ತಂದು ಮುಟ್ಟಿಸಿದರೆ ಗಿಡ ತುಂಬ ಕಾಯಿ ಹಿಡಿಯುತ್ತದೆ. ಬೀಜೋತ್ಪಾದನೆಯ ಹೊಲದಲ್ಲಿ ರೈತ ಕೊಯ್ದು ಮಾರುವುದು ಈ ಗಿಡದ ಕಾಳನ್ನೇ. ಇಂಥ ಗಿಡಕ್ಕೆ ‘ಬಂಜೆ’ ಎಂದು ಹೆಸರಿಡುವುದು ಹೇಗೆ?

‘ಗಂಡು ಬಂಜೆ’ ಎಂದಿದ್ದೇವಲ್ಲ, ‘ಗಂಡು’ ಎಂಬ ವಿಶೇಷಣ ಇದೆಯಲ್ಲ ಎಂದು ಕೆಲವರು ಹೇಳಬಹುದು. ಆದರೆ ಸಂಸ್ಕೃತದ ‘ವಂಧ್ಯಾ’ದಿಂದ ಬಂದ ‘ಬಂಜೆ’ ಕನ್ನಡದಲ್ಲಿ ಹೆಣ್ಣಿಗೇ ಕಟ್ಟಿದ ಮಾತು. ಎಷ್ಟೋ ಮನೆಗಳಲ್ಲಿ ಹೆಣ್ಣುಮಕ್ಕಳನ್ನು ನೋಯಿಸಿದ ಮಾತು. ಹೆಣ್ಣಾಗಿ ಸಂಪೂರ್ಣ ಸಮರ್ಥವಾಗಿರುವ ಗಿಡಕ್ಕೆ ಅದನ್ನು ಅಂಟಿಸುವುದು ಅರ್ಥದಲ್ಲೂ ತಪ್ಪು, ಔಚಿತ್ಯದಲ್ಲೂ ತಪ್ಪು. ‘ನಪುಂಸಕ’ ಎಂದರೆ ಗಂಡೂ ಅಲ್ಲದ ಹೆಣ್ಣೂ ಅಲ್ಲದ ಸ್ಥಿತಿ, ಅದೂ ಇಲ್ಲಿಗೆ ಹೊಂದುವುದಿಲ್ಲ. ‘ಪುರುಷ ವಂಧ್ಯತ್ವ’ ಎಂದರೆ ಆಸ್ಪತ್ರೆಯ ಜಾಹೀರಾತೇ ನೆನಪಾಗುತ್ತದೆ.

ಇದಕ್ಕಿಂತ ದೊಡ್ಡ ತೊಡಕು ಹೊಲದಲ್ಲೇ ಇದೆ. ತೊಗರಿಗೆ ನಂಜಾಣುವಿನಿಂದ ಬರುವ ಒಂದು ರೋಗವುಂಟು. ಕಣ್ಣಿಗೆ ಕಾಣದಷ್ಟು ಸಣ್ಣ ನುಸಿ ಅದನ್ನು ಗಿಡದಿಂದ ಗಿಡಕ್ಕೆ ಹರಡುತ್ತದೆ. ರೋಗ ತಗುಲಿದ ಗಿಡದ ಎಲೆಗಳು ಕಿರಿದಾಗಿ, ತಿಳಿಹಸಿರು ಮಚ್ಚೆ ಮೂಡಿ, ಗಿಡ ಪೊದೆಯಂತಾಗುತ್ತದೆ. ಸುತ್ತಲಿನ ಬೆಳೆ ಕಾಯಿ ಬಲಿತು ಒಣಗುತ್ತಿದ್ದರೂ ಇದು ಹೂವಿಲ್ಲದೆ ಹಸಿರಾಗಿ ನಿಂತಿರುತ್ತದೆ. ಕನ್ನಡದಲ್ಲಿ ಇದರ ಹೆಸರು ‘ಗೊಡ್ಡು ರೋಗ’, ‘ಬಂಜೆ ರೋಗ’ ಎಂದೂ ಬರೆಯುತ್ತಾರೆ. ಈ ಹೆಸರುಗಳು ಸರಿಯಾಗಿಯೇ ಇವೆ, ಏಕೆಂದರೆ ಆ ಗಿಡ ನಿಜಕ್ಕೂ ಏನನ್ನೂ ಕೊಡುವುದಿಲ್ಲ. ಅಂಥ ಗಿಡ ಕಂಡರೆ ಕಿತ್ತು ಹಾಕಿ ಎಂದೇ ನಾವು ರೈತರಿಗೆ ಹೇಳುತ್ತ ಬಂದಿದ್ದೇವೆ. ಈಗ ಅದೇ ರೈತರ ಕೈಗೆ ‘ಬಂಜೆ ತಳಿಯನ್ನು ನಾಲ್ಕು ಸಾಲು ಬಿತ್ತಿ’ ಎಂಬ ಕೈಪಿಡಿ ಕೊಟ್ಟರೆ ಅವರು ಏನೆಂದು ತಿಳಿಯಬೇಕು? ನಾನು ಬರೆಯಲೇಬೇಕಾದ ಒಂದು ವಾಕ್ಯ ಹಳೆಯ ಪದಗಳಲ್ಲಿ ಹೀಗಾಗುತ್ತದೆ: ‘ಈ ಬಂಜೆ ತಳಿಗೆ ಬಂಜೆ ರೋಗವನ್ನು ತಡೆಯುವ ಶಕ್ತಿಯಿದೆ.’ ಇದನ್ನು ಓದಿ ಯಾರೂ ಬೀಜ ಬಿತ್ತಲಾರರು.

ಹಾಗಾದರೆ ಏನೆನ್ನೋಣ? ಹೊಲದ ಮಟ್ಟಿಗೆ ನನಗೆ ಚಿಂತೆಯಿಲ್ಲ. ಬೀಜೋತ್ಪಾದಕರು ‘ಹೆಣ್ಣು ಸಾಲು’, ‘ಗಂಡು ಸಾಲು’ ಎನ್ನುತ್ತಾರೆ, ಅದು ಸ್ಪಷ್ಟವಾಗಿದೆ. ನಾಲ್ಕು ಹೆಣ್ಣು ಸಾಲಿಗೆ ಒಂದು ಗಂಡು ಸಾಲು ಎಂದರೆ ಯಾರಿಗೂ ಗೊಂದಲವಾಗದು. ಗುಣವನ್ನೇ ಹೆಸರಿಸಬೇಕಾದಲ್ಲಿ ಮಾತ್ರ ಪದ ಬೇಕು. ಹೆಸರಿಸದೆ ಬಿಡುವಂತಿಲ್ಲ, ಏಕೆಂದರೆ ಈ ಗುಣ ಎಲ್ಲಿಂದ ಬಂತು ಎಂಬುದರ ಮೇಲೆಯೇ ಸಂಕರ ತೊಗರಿಯ ಕಥೆ ನಿಂತಿದೆ. ಹೈದರಾಬಾದ್ ಬಳಿಯ ಪಟಾನ್‌ಚೆರುವಿನ ಅಂತರರಾಷ್ಟ್ರೀಯ ಬೆಳೆ ಸಂಶೋಧನಾ ಸಂಸ್ಥೆ ಇಕ್ರಿಸ್ಯಾಟ್ 1991ರಲ್ಲಿ ಹೊರತಂದ ಐಸಿಪಿಎಚ್-8 ಜಗತ್ತಿನ ಮೊದಲ ಸಂಕರ ತೊಗರಿ. ಅದರಲ್ಲಿ ಪರಾಗವಿಲ್ಲದಿರುವಿಕೆಯನ್ನು ನಿರ್ಧರಿಸುತ್ತಿದ್ದುದು ಕೋಶಕೇಂದ್ರದ ವಂಶವಾಹಿ. ಅಂಥ ತಳಿಯನ್ನು ಎಷ್ಟು ಜೋಪಾನವಾಗಿ ಉಳಿಸಿಕೊಂಡರೂ ಹೆಣ್ಣು ಸಾಲಿನ ಅರ್ಧದಷ್ಟು ಗಿಡಗಳಲ್ಲಿ ಪರಾಗ ಬಂದೇ ಬರುತ್ತದೆ. ಹೂ ಬಿಡುವ ಹೊತ್ತಿಗೆ ಒಂದೊಂದು ಗಿಡದ ಮೊಗ್ಗನ್ನೂ ಬಿಡಿಸಿ ನೋಡಿ ಆ ಅರ್ಧವನ್ನು ಕೀಳಬೇಕು. ಬೀಜ ದುಬಾರಿಯಾಗಿ ಐಸಿಪಿಎಚ್-8 ರೈತರ ಹೊಲಗಳಲ್ಲಿ ಹಬ್ಬಲಿಲ್ಲ.

ಆಮೇಲೆ ತೊಗರಿಯ ಕಾಡುಬಂಧುವಾದ ಕಜಾನಸ್ ಕಜಾನಿಫೋಲಿಯಸ್ ಗಿಡದ ಕೋಶದ್ರವ್ಯದೊಳಗೆ (ಜೀವಕೋಶದಲ್ಲಿ ಕೋಶಕೇಂದ್ರದ ಸುತ್ತ ಇರುವ ದ್ರವ್ಯ) ನಮ್ಮ ತೊಗರಿಯ ಕೋಶಕೇಂದ್ರವನ್ನು ಮರಳಿ ಮರಳಿ ಸಂಕರಿಸಿ ತಂದು ಕೂರಿಸಿದರು. ಕೋಶದ್ರವ್ಯ ತಾಯಿಯಿಂದ ಮಾತ್ರ ಬರುವುದರಿಂದ ಹೆಣ್ಣು ಸಾಲಿನ ಎಲ್ಲ ಗಿಡಗಳೂ ಪರಾಗವಿಲ್ಲದವೇ ಆದವು. ಅರ್ಧ ಹೊಲ ಕೀಳುವ ಕೆಲಸ ತಪ್ಪಿತು. 2010ರಲ್ಲಿ ಮಧ್ಯಪ್ರದೇಶಕ್ಕೆ ಬಿಡುಗಡೆಯಾದ ಐಸಿಪಿಎಚ್-2671 ಈ ದಾರಿಯಲ್ಲಿ ಬಂದದ್ದು. ತೊಗರಿ ತಳಿ ಸಂವರ್ಧನೆಯಲ್ಲಿ ನನಗೆ ಬಲು ಮೆಚ್ಚಿಗೆಯಾದ ಅಧ್ಯಾಯ ಇದು. ಇದನ್ನು ಕನ್ನಡದಲ್ಲಿ ತಿಳಿಯಾಗಿ ಹೇಳಲಾಗದೆ ಹೋದರೆ ನಿಜವಾದ ನಷ್ಟ.

ನನ್ನ ಒಲವು ‘ಪರಾಗಹೀನತೆ’ ಎಂಬ ಪದದ ಕಡೆಗೆ. ಸಸ್ಯದಲ್ಲಿ ಏನು ಇಲ್ಲವೋ ಅದನ್ನಷ್ಟೇ ಅದು ಹೇಳುತ್ತದೆ. ಅದರಿಂದ ಇತರ ಪದಗಳನ್ನೂ ಸಲೀಸಾಗಿ ಕಟ್ಟಬಹುದು: ವಂಶವಾಹಿ ಪರಾಗಹೀನತೆ, ಕೋಶದ್ರವ್ಯ ಪರಾಗಹೀನತೆ. ಸಂಕರ ಬೀಜ ಬಿತ್ತಿದ ರೈತರ ಹೊಲದ ಬೆಳೆ ಕಾಯಿ ಕಟ್ಟಬೇಕಾದರೆ ಸಂಕರದ ಗಂಡು ತಳಿ ಅದಕ್ಕೆ ಮತ್ತೆ ಪರಾಗ ಬರುವಂತೆ ಮಾಡಬೇಕಲ್ಲ, ಅದನ್ನು ‘ಪರಾಗ ಮರಳಿಸುವ ತಳಿ’ ಎನ್ನಬಹುದು. ‘ಬಂಜೆತನ’ವನ್ನೇ ಇಟ್ಟುಕೊಂಡರೆ ಇದು ‘ಬಂಜೆತನ ನಿವಾರಕ’ವಾಗಿ ಔಷಧಿಯ ಹೆಸರಿನಂತೆ ಕೇಳಿಸುತ್ತದೆ.

ಒಂದು ಆಕ್ಷೇಪ ನನಗೇ ಕಾಣುತ್ತಿದೆ. ಟೊಮೆಟೊದ ಕೆಲವು ತಳಿಗಳಲ್ಲಿ ಪರಾಗ ಚೆನ್ನಾಗಿಯೇ ಇರುತ್ತದೆ, ಪರಾಗಕೋಶ ಮಾತ್ರ ಒಡೆಯುವುದಿಲ್ಲ. ಅಲ್ಲಿ ‘ಪರಾಗಹೀನ’ ಎಂದರೆ ತಪ್ಪು. ಎಲ್ಲ ಬೆಳೆಗಳಿಗೂ ಒಂದೇ ಪದ ಬೇಕೆನ್ನುವವರಿಗೆ ಇದು ಸಾಲದು. ತೊಗರಿಯ ಮಟ್ಟಿಗೆ ಸಾಕು ಎನ್ನುತ್ತೇನೆ.

ಇನ್ನೊಂದು ಮಾತು ಮನಸ್ಸಿನಲ್ಲಿದೆ: ‘ಜೊಳ್ಳು’. ಬಣ್ಣ ಹಾಕಿ ಸೂಕ್ಷ್ಮದರ್ಶಕದಡಿ ಇಟ್ಟರೆ ಒಳ್ಳೆಯ ಪರಾಗಕಣ ದುಂಡಗೆ ಕೆಂಪಾಗಿ ಕಾಣುತ್ತದೆ. ಕೆಟ್ಟದ್ದು ಬಣ್ಣ ಹೀರದೆ ಬರಿಯ ಸಿಪ್ಪೆಯಾಗಿ ಉಳಿಯುತ್ತದೆ. ಅದಕ್ಕೆ ‘ಜೊಳ್ಳು ಪರಾಗ’ ಎಂದರೆ ರಾಶಿ ತೂರಿದ ಯಾರಿಗಾದರೂ ತಕ್ಷಣ ಅರ್ಥವಾಗುತ್ತದೆ. ಪರಾಗವನ್ನು ವಿವರಿಸುವಲ್ಲಿ ನಾನು ಇದನ್ನು ಬಳಸಿಯೇ ತೀರುತ್ತೇನೆ. ಆದರೆ ತಳಿಯ ಹೆಸರಿಗೆ ಸೇರಿಸಲು ಧೈರ್ಯವಿಲ್ಲ. ‘ಜೊಳ್ಳು ತಳಿ’ ಎಂದು ಮುದ್ರಿಸಿದರೆ ಬೀಜವೇ ಜೊಳ್ಳು ಎಂದು ಓದುತ್ತಾರೆ.

ಬಳಗದ ಹಿರಿಯರಲ್ಲಿ ನನ್ನ ಕೋರಿಕೆ ಇಷ್ಟು. ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯದಿಂದ 1980ರಲ್ಲಿ ಬಂದ ಸೂರ್ಯಕಾಂತಿಯ ಬಿಎಸ್‌ಎಚ್-1 ಕೂಡ ಕೋಶದ್ರವ್ಯದ ಪರಾಗಹೀನತೆಯ ಮೇಲೆಯೇ ನಿಂತ ಸಂಕರ. ಅಂದರೆ ನಮ್ಮ ರೈತರು ಇಂಥ ಗಿಡಗಳೊಡನೆ ನಾಲ್ಕು ದಶಕಗಳಿಂದ ಒಡನಾಡುತ್ತಿದ್ದಾರೆ. ಸೂರ್ಯಕಾಂತಿ, ಜೋಳ, ಸಜ್ಜೆಗಳ ಬೀಜೋತ್ಪಾದನೆ ನಡೆಯುವ ಊರುಗಳಲ್ಲಿ ಪುಡಿ ಬಿಡದ ಹೂವಿಗೆ ಜನ ಏನಾದರೂ ಹೆಸರಿಟ್ಟಿದ್ದಾರೆಯೇ? ಇದ್ದರೆ ಊರು, ಬೆಳೆಗಳ ಸಹಿತ ಬರೆಯಿರಿ. ಅದು ಒದಗಿದರೆ ‘ಪರಾಗಹೀನತೆ’ಯನ್ನು ಪಠ್ಯಪುಸ್ತಕಕ್ಕೆ ಬಿಟ್ಟು ಕೈಪಿಡಿಯಲ್ಲಿ ಆ ಮಾತನ್ನೇ ಹಾಕುತ್ತೇನೆ.